ಪಾತ್ರವೂ ಮೈಬಣ್ಣವೂ

ಕಥೆಯ ರಾಜಕುಮಾರಿಯ ಮೈಬಣ್ಣವನ್ನು ಗೊತ್ತುಪಡಿಸುವ ಅಧಿಕಾರವು ಯಾರದು? ಕವಿಯದೋ, ಆಡಿಸುವವರದೋ, ನೋಡುವವರದೋ? ಡೆನ್ಮಾರ್ಕದ ಹಾನ್ಸ್ ಕ್ರಿಶ್ಚಿಯನ್ ಆಂಡರ್ಸನ್ನನು 1837ರಲ್ಲಿ ಪ್ರಕಟಿಸಿದ ಮತ್ಸ್ಯಕನ್ಯೆಯ ಕಥೆಯನ್ನು ಡಿಸ್ನಿ ಸಂಸ್ಥೆಯವರು 1989ರಲ್ಲಿ ಚಲಿಸುವ ರೇಖಾಚಿತ್ರಗಳಲ್ಲಿ ತೋರಿಸಿದರು. 2023ರಲ್ಲಿ ಅದನ್ನೇ ನಟನಟಿಯರಿಂದ ಆಡಿಸಿ, ನಾಯಿಕೆಯ ಪಾತ್ರವನ್ನು ಹ್ಯಾಲಿ ಬೇಲಿ ಎಂಬ ಕಪ್ಪುವರ್ಣದ ಗಾಯಕಿಗೆ ಕೊಟ್ಟರು. ಆಗ ದೊಡ್ಡ ವಾಗ್ವಾದವೆದ್ದಿತು. ಆಂಡರ್ಸನ್ನನ ಕನ್ಯೆಗೆ ನೀಲಿಗಣ್ಣು, ಗುಲಾಬಿಯ ಎಸಳಿನಂಥ ಮೈ ಎಂದು ಆಕ್ಷೇಪಕರು ಹೇಳಿದರು. ಅದು ಸುಳ್ಳಲ್ಲ. ಆದರೆ ಪ್ರೇಮಕ್ಕಾಗಿ, ಅಮರವಾದ ಆತ್ಮಕ್ಕಾಗಿ ಅವಳು ತನ್ನ ನಾಲಗೆಯನ್ನೇ ತೆತ್ತಳು. ಕಥೆಯ ಜೀವವಿರುವದು ಆ ತ್ಯಾಗದಲ್ಲಿ. ಅದನ್ನು ಅಭಿನಯಿಸಲಿಕ್ಕೆ ನೀಲಿಗಣ್ಣು ಬೇಕೇ?

ನಮ್ಮ ದೇಶದಲ್ಲಿ ವಿಷಯವು ತಿರುಗುಮುರುಗಾಗಿದೆ. ದ್ರೌಪದಿಯ ಹೆಸರೇ ಕೃಷ್ಣೆ; ಭಾರತವನ್ನು ಬರೆದ ಋಷಿಯು ಕೃಷ್ಣದ್ವೈಪಾಯನ; ಪಾರ್ಥನೂ ಕಪ್ಪು, ಅವನ ಸಾರಥಿಯೂ ಕಪ್ಪು. ಆದರೂ ಚಿತ್ರಪಟಗಳ ದ್ರೌಪದಿಯರು ಬಹುಮಟ್ಟಿಗೆ ಬೆಳ್ಳಗಿನವರು. ಇದು ಮೂಲಕ್ಕೆ ವಿರುದ್ಧವೆಂದು ಹುಯಿಲೆದ್ದದ್ದು ವಿರಳ. ಹಾಗಾದರೆ ಜನರಿಗೆ ಪ್ರಿಯವಾದದ್ದು ಮೂಲಗ್ರಂಥವೋ, ಬಿಳಿಯ ಬಣ್ಣವೋ?

ಯಕ್ಷಗಾನವು ಈ ವಿಷಯದಲ್ಲಿ ಉದಾರವಾದದ್ದು. ಪರಂಪರೆಯಿಂದ ಗಂಡಸೇ ಅಲ್ಲಿ ದ್ರೌಪದಿಯಾಗುವನು. ಹಗಲು ಗದ್ದೆ ಉತ್ತವನೇ ರಾತ್ರಿ ಅರ್ಜುನನಾಗುವನು. ಮುಖವರ್ಣಿಕೆಯು ಮೈಬಣ್ಣವನ್ನು ಮರೆಸುವದೆಂಬುದು ನಿಜ. ಚಿತ್ರಪಟದಲ್ಲಿ ಆ ಮರೆಯಿಲ್ಲ. ಯಲ್ಲಾಪುರ, ಹಳಿಯಾಳಗಳ ಕಾಡಿನ ಮಗ್ಗುಲಲ್ಲಿ ಬಾಳುವ, ಆಫ್ರಿಕದ ಮೂಲದ ಸಿದ್ದಿ ಜನರಿಂದ ಒಳ್ಳೆಯ ನಟರು ಬಂದಿದ್ದಾರೆ. ಆದರೆ ಅವರಲ್ಲೊಬ್ಬನಿಗೆ ನಳಮಹಾರಾಜನ ಪಾತ್ರವನ್ನು ಕೊಡಲಿಕ್ಕೆ ಎಷ್ಟು ಮಂದಿ ಮುಂದೆ ಬಂದಾರು?

ಕರ್ನಾಟಕದ ಕರಾವಳಿಯ ಬಡಗಣ ತುದಿಯಲ್ಲಿ ಮಾಜಾಳಿಯಿದೆ. ಅದರ ಸಮೀಪದ ತಿಳಮಾತಿಯ ದಂಡೆಯಲ್ಲಿ ಉಸುಕು ಎಳ್ಳಿನಂತೆ ಕಪ್ಪು. ಕೊಂಕಣಿಯ ಆ ಹೆಸರಿನ ಅರ್ಥವೂ ಅದೇ. ದೂರದಿಂದ ಬಂದವರು ಆ ಕಪ್ಪಿನ ಚೆಲುವನ್ನು ಹೊಗಳಿ ಹೋಗುವರು. ಅದೇ ಊರಿನ ಮೀನುಗಾರರ ಮನೆಯ ಹುಡುಗಿಯೊಬ್ಬಳು ಶಾಲೆಯ ಸ್ನೇಹಸಮ್ಮೇಳನಕ್ಕಾಗಿ ಸೀತೆಯ ಮಾತುಗಳನ್ನೆಲ್ಲ ಬಾಯಿಪಾಠ ಮಾಡಿದ್ದಳು. ಅವಳ ಪಾಲಿಗೆ ಬಂದದ್ದು ಶೂರ್ಪನಖಿಯ ಪಾತ್ರ. ಮನೆಗೆ ಬಂದು, "ಆಯೀ, ರಾಮನೂ ಕಪ್ಪಲ್ಲವೇ?" ಎಂದು ಕೇಳಿದಳು. ಬಲೆಯನ್ನು ಬಿಡಿಸುತ್ತಿದ್ದ ತಾಯಿಗೆ ಉತ್ತರವು ತೋಚಲಿಲ್ಲ.

ಆ ಪ್ರಶ್ನೆಗೆ ಉತ್ತರ ಕೊಡಬೇಕಾದವರು ಬೇರೆ. ಅಮೇರಿಕದ ವಾಗ್ವಾದವನ್ನು ತೀರಿಸುವದು ಇಲ್ಲಿಯವರ ಕೈಯಲ್ಲಿಲ್ಲ. ಊರಿನ ಶಾಲೆಯಲ್ಲಿ ಪಾತ್ರಗಳನ್ನು ಹಂಚುವದು ಗುರುಗಳ, ಪಾಲಕರ ಕೈಯಲ್ಲಿಯೇ ಇದೆ. ಮಾತನ್ನು ಚೆನ್ನಾಗಿ ಕಲಿತವಳಿಗೆ ಆ ಮಾತನ್ನಾಡುವ ಪಾತ್ರವು ಸಲ್ಲಬೇಕು. ಇಷ್ಟು ನ್ಯಾಯಕ್ಕೆ ಯಾವ ಶಾಸ್ತ್ರದ ಆಧಾರವೂ ಬೇಕಾಗಿಲ್ಲ.