ನಿನ್ನ ಪಂಡಿತೆಗೆ ಒಂದು ಊರು ಕೊಡು

ಮೈಸೂರು

ಪ್ರೀತಿಯ ಪುಟ್ಟೀ,

ನೀನು ಕಳಿಸಿದ ಕಾದಂಬರಿಯ ಮೊದಲ ಅಧ್ಯಾಯಗಳನ್ನು ಓದಿದೆ. ಮಾತಿನಿಂದ ಕಾಲವನ್ನು ಕಟ್ಟುವ, ಬಿಚ್ಚುವ ವಿದ್ಯೆ ಕಲಿಯುತ್ತಿರುವ ನಿನ್ನ ಪಂಡಿತೆ ನನಗೆ ತುಂಬ ಇಷ್ಟವಾದಳು. ಗೊತ್ತಾಗದ ಒಂದು ಅಕ್ಷರಕ್ಕಾಗಿ ರಾತ್ರಿಯಿಡೀ ಎದ್ದಿರುವ ಅವಳ ಹಟ ನಿನ್ನದೇ. ಆದರೆ ಆ ಹಿಮದ ನಾಡು, ಗೋಪುರಗಳ ವಿದ್ಯಾಪೀಠ, ಉದ್ದ ನಿಲುವಂಗಿಯ ಗುರುಗಳು, ಇವರ ನಡುವೆ ಅವಳು ಪರದೇಶಿಯ ಹಾಗೆ ಕಾಣುತ್ತಾಳೆ. ಅವಳ ವಿದ್ಯೆ ನಮ್ಮ ನೆಲದಲ್ಲಿ ನಿಜವಾಗಿ ಇತ್ತು ಕಣೇ. ಶಾಸನಗಳ ಜೊತೆಗೇ ಆಯುಷ್ಯ ಕಳೆದವಳು ನಾನು. ಅದಕ್ಕೇ ಇಷ್ಟುದ್ದದ ಕಾಗದ.

ಅವಳನ್ನು ಐಹೊಳೆಗೆ ಕರೆದುಕೊಂಡು ಬಾ. ಅಲ್ಲಿ ಮೇಗುತಿ ಗುಡ್ಡದ ಮೇಲಿನ ಜಿನಾಲಯದ ಗೋಡೆಯಲ್ಲಿ ರವಿಕೀರ್ತಿ ಬರೆದ ಶಾಸನವಿದೆ, ಇಮ್ಮಡಿ ಪುಲಕೇಶಿಯ ಕಾಲದ್ದು. ಒಂದೇ ವರ್ಷವನ್ನು ಅವನು ಎರಡು ಕಡೆಯಿಂದ ಎಣಿಸುತ್ತಾನೆ. ಭಾರತ ಯುದ್ಧ ಕಳೆದು 3735 ವರ್ಷ, ಶಕರಾಜರ ಲೆಕ್ಕದಲ್ಲಿ 556. ಈಗಿನ ಲೆಕ್ಕಕ್ಕೆ ಕ್ರಿ.ಶ. 634-35. ಅಂಕಿ ಕೆತ್ತಿಸಲಿಲ್ಲ, ಪದ್ಯದ ಛಂದಸ್ಸಿನೊಳಗೇ ಮೂವತ್ತು, ಮೂರು ಸಾವಿರ, ಏಳು ನೂರು, ಐದು ಎಂದು ಕೂಡಿಸುತ್ತ ಹೋದ. ಅದೇ ಶಾಸನದಲ್ಲಿ ತನ್ನ ಕೀರ್ತಿ ಕಾಳಿದಾಸ ಭಾರವಿಯರ ಕೀರ್ತಿಗೆ ಸಮ ಎಂದೂ ಹೇಳಿಕೊಂಡ. ಕಾಳಿದಾಸ ತನ್ನ ಕಾಲವನ್ನು ಎಲ್ಲೂ ಬರೆದಿಡಲಿಲ್ಲ. 634ರ ಹೊತ್ತಿಗೆ ಅವನ ಹೆಸರು ಮಲಪ್ರಭೆಯ ದಂಡೆಯವರೆಗೂ ಬಂದಿತ್ತು ಎನ್ನುವುದಕ್ಕೆ ಈ ಗೋಡೆಯೇ ಸಾಕ್ಷಿ. ಒಬ್ಬ ಕವಿ ಅಭಿಮಾನದಿಂದ ಆಡಿದ ಮಾತು ಇನ್ನೊಬ್ಬ ಕವಿಯ ಕಾಲಕ್ಕೆ ಗಡಿಗಲ್ಲು ನೆಟ್ಟಿತು. ನಿನ್ನ ವಿದ್ಯಾಪೀಠದಲ್ಲಿ ಇದಕ್ಕಿಂತ ದೊಡ್ಡ ಮಂತ್ರ ಯಾವುದಿದೆ, ಹೇಳು.

ಅವಳ ಮೊದಲ ಪಾಠ ಭೂತಸಂಖ್ಯೆಯಾಗಲಿ. ಚಂದ್ರ ಎಂದರೆ ಒಂದು, ಕಣ್ಣು ಎರಡು, ಅಗ್ನಿ ಮೂರು, ವೇದ ನಾಲ್ಕು, ಬಾಣ ಐದು, ರಸ ಆರು, ಆಕಾಶ ಸೊನ್ನೆ. ಬಿಡಿಸ್ಥಾನದ ಅಂಕಿ ಮೊದಲು ಬರುತ್ತದೆ, ಉಳಿದವು ಒಂದೊಂದಾಗಿ ಎಡಕ್ಕೆ ಸೇರುತ್ತವೆ. ಐಹೊಳೆಯ ಆ ಶಕವರ್ಷವನ್ನು ಈ ರೀತಿಯಲ್ಲಿ ಬರೆದರೆ ರಸ, ಬಾಣ, ಬಾಣ ಆಗುತ್ತದೆ. ಕೇಳಿದವರಿಗೆ ಯುದ್ಧದ ವರ್ಣನೆ, ತಿಳಿದವರಿಗೆ 556. ಇದರಲ್ಲಿ ಅಪಾಯವೂ ಉಂಟು. ಸಾಗರ ಎಂದರೆ ಸಾಮಾನ್ಯವಾಗಿ ನಾಲ್ಕು, ಕೆಲವೊಮ್ಮೆ ಏಳು. ಅದು ನೂರರ ಸ್ಥಾನದಲ್ಲಿ ಬಂದರೆ ಮುನ್ನೂರು ವರ್ಷ ಅತ್ತಿತ್ತ. ನಿನ್ನ ಕಥೆಗೆ ಬೇಕಾದ ಕಂದಕ ಇಲ್ಲೇ ಇದೆ. ಬೆಂಕಿ ಉಗುಳುವ ಪ್ರಾಣಿ ಬೇಡ.

ಎರಡನೆಯ ಪಾಠ ಕಟಪಯಾದಿ, ಅಕ್ಷರಗಳನ್ನೇ ಅಂಕಿಗಳಾಗಿ ಓದುವ ಸೂತ್ರ. ಇದನ್ನು ನೀನು ಆರು ವರ್ಷದವಳಿದ್ದಾಗಲೇ ಬಾಯಲ್ಲಿ ಆಡಿಸಿದ್ದೆ, ಗೊತ್ತಿರಲಿಲ್ಲ ಅಷ್ಟೆ. ಸರಳೆವರಿಸೆ ಹಾಡುತ್ತಿದ್ದ ಮಾಯಾಮಾಳವಗೌಳದಲ್ಲಿ ಮಾ ಐದು, ಯಾ ಒಂದು; ತಿರುಗಿಸಿದರೆ 15, ಹದಿನೈದನೆಯ ಮೇಳ. ಇದೇ ಸೂತ್ರದಿಂದ ಕೇರಳದ ಮೇಲ್ಪತ್ತೂರು ನಾರಾಯಣ ಭಟ್ಟತಿರಿ ತನ್ನ ನಾರಾಯಣೀಯದ ಕಟ್ಟಕಡೆಯಲ್ಲಿ ಆಯುಸ್ಸು, ಆರೋಗ್ಯ, ಸುಖಗಳನ್ನು ಹರಸುವ ಮಾತಿನೊಳಗೆ 17,12,210 ಎಂಬ ಸಂಖ್ಯೆಯನ್ನು ಅಡಗಿಸಿದ. ಕಲಿಯುಗ ಶುರುವಾದಾಗಿನಿಂದ ಆ ಕಾವ್ಯ ಮುಗಿದ ದಿನದವರೆಗಿನ ದಿನಗಳ ಲೆಕ್ಕ ಅದು. 1586ರ ಒಂದು ದಿನ. ಹರಕೆಯೂ ಅದೇ, ತಾರೀಖೂ ಅದೇ. ಇದನ್ನು ನೆನೆದಾಗಲೆಲ್ಲ ನನಗೆ ಈಗಲೂ ಮೈ ಜುಮ್ಮೆನ್ನುತ್ತದೆ.

ಅವಳ ದಿನಚರಿ ಬರೆಯುವಾಗ ಕೈಗಳನ್ನು ಮರೆಯಬೇಡ. ಶಾಸನದ ಪಡಿಯಚ್ಚು ತೆಗೆಯಲು ಕಲ್ಲನ್ನು ತೊಳೆಯಬೇಕು, ಒದ್ದೆ ಕಾಗದ ಹೊದಿಸಿ ಕುಂಚದಿಂದ ಬಡಿಯಬೇಕು, ಕಾಗದ ಅಕ್ಷರದ ಕುಳಿಗೆ ಇಳಿದ ಮೇಲೆ ಮಸಿ ಒತ್ತಬೇಕು. ಕಪ್ಪಿನ ನಡುವೆ ಅಕ್ಷರ ಬೆಳ್ಳಗೆ ಎದ್ದು ಬರುತ್ತದೆ. ಸವೆದ ಅಕ್ಷರ ನಡುಹಗಲಲ್ಲಿ ಕಾಣದು. ಬೆಳಗಿನ ಅಥವಾ ಸಂಜೆಯ ಓರೆ ಬಿಸಿಲಿಗೆ ಕಾಯಬೇಕು. ಹಲ್ಮಿಡಿ ಶಾಸನದ ಕಲ್ಲಿನಲ್ಲಿ ವರ್ಷವೇ ಇಲ್ಲ. ಸುಮಾರು 450ರದು ಎನ್ನುವುದಕ್ಕೆ ಅಕ್ಷರಗಳ ಆಕಾರ ಒಂದು ಮುಖ್ಯ ಆಧಾರ.

ನಿನ್ನ ಕಥೆಯಲ್ಲಿ ಕಳ್ಳರು ಬರುತ್ತಾರಲ್ಲ, ಅಂಥವರೂ ನಿಜವಾಗಿ ಇದ್ದರು. ಭೂಮಿಯ ಹಕ್ಕಿಗಾಗಿ ಹಳೆಯ ರಾಜರ ಹೆಸರಿನಲ್ಲಿ ತಾಮ್ರಪಟ ಬರೆಸುತ್ತಿದ್ದರು, ಕೂಟಶಾಸನ ಅಂತೀವಿ. ಅವರನ್ನು ಹಿಡಿಯುವುದೂ ಭಾಷೆ ಮತ್ತು ಕಾಲವೇ. ಐದನೆಯ ಶತಮಾನದ್ದೆಂದು ಹೇಳಿಕೊಳ್ಳುವ ಪಟದಲ್ಲಿ ‘ಪಾಲ್’ ಇರಬೇಕಾದ ಕಡೆ ‘ಹಾಲು’ ಇದ್ದರೆ ಅದು ಎಷ್ಟೋ ಶತಮಾನ ಈಚಿನವನ ನಾಲಿಗೆ. ಸೂರ್ಯಗ್ರಹಣದ ದಿನ ದಾನ ಕೊಟ್ಟೆವು ಎಂದಿದ್ದರೆ ಆ ವರ್ಷ, ಆ ಮಾಸ, ಆ ಅಮಾವಾಸ್ಯೆಗೆ ಗ್ರಹಣ ಇತ್ತೇ ಎಂದು ಲೆಕ್ಕ ಹಾಕುತ್ತೇವೆ. ಸಂವತ್ಸರದ ಹೆಸರೊಂದೇ ಸಾಲದು, ಅದು ಅರವತ್ತು ವರ್ಷಕ್ಕೊಮ್ಮೆ ತಿರುಗಿ ಬರುತ್ತದೆ. ತಿಥಿಯೂ ವಾರವೂ ಕೂಡಿ ಬರಬೇಕು. ರಾಬರ್ಟ್ ಸೆವೆಲ್ ಮತ್ತು ಶಂಕರ ಬಾಲಕೃಷ್ಣ ದೀಕ್ಷಿತರು 1896ರಲ್ಲಿ ಇದಕ್ಕೆಂದೇ ಕೋಷ್ಟಕಗಳ ಪುಸ್ತಕ ಪ್ರಕಟಿಸಿದರು. ಆ ಕೋಷ್ಟಕದ ಎದುರು ಕುಳಿತು, ಏಳೆಂಟು ನೂರು ವರ್ಷದ ಹಿಂದಿನ ಒಂದು ಸೋಮವಾರ ನಿಜವಾಗಿಯೂ ಸೋಮವಾರವೇ ಎಂದು ಲೆಕ್ಕ ಕೂಡಿದಾಗ ಆಗುವ ಸಂತೋಷ ನಿನ್ನ ಪಂಡಿತೆಗೂ ಸಿಗಲಿ.

ಶಾಪದ ಅಧ್ಯಾಯ ಬರೆಯುವಾಗ ನಮ್ಮ ಶಾಸನಗಳ ಕೊನೆಯ ಸಾಲುಗಳನ್ನು ಓದಿಕೋ. ದಾನ ಸೂರ್ಯ ಚಂದ್ರರಿರುವ ತನಕ ನಡೆಯಲಿ ಎಂದು ಹರಸಿ, ಅದನ್ನು ಕೆಡಿಸಿದವನಿಗೆ ಕಾಶಿಯಲ್ಲಿ ಕವಿಲೆಗಳನ್ನು ಕೊಂದ ಪಾಪ ತಟ್ಟಲಿ, ಅರವತ್ತು ಸಾವಿರ ವರ್ಷ ಹುಳುವಾಗಿ ಹುಟ್ಟಲಿ ಎಂದು ಕೆತ್ತಿಸುತ್ತಿದ್ದರು. ಶಾಪಾಶಯ ಎನ್ನುವುದು ಇದಕ್ಕೇ. ಸತ್ತ ಮೇಲೂ ಒಂದು ಕೆರೆಯನ್ನು, ಒಂದು ಗದ್ದೆಯನ್ನು ಕಾಯಲು ಆ ಮನುಷ್ಯರ ಕೈಯಲ್ಲಿ ಉಳಿದದ್ದು ಮಾತು ಮಾತ್ರ.

ಒಂದು ವಿಷಯದಲ್ಲಿ ನಿನ್ನ ಬರಹವನ್ನು ನಾನು ಒಪ್ಪುವುದಿಲ್ಲ. ಮೂರನೆಯ ಅಧ್ಯಾಯದಲ್ಲಿ ಅವಳು ಹಿಂದಕ್ಕೆ ಹೋಗಿ ಒಬ್ಬ ರಾಜನ ಸೋಲನ್ನು ಗೆಲುವಾಗಿ ತಿದ್ದುತ್ತಾಳಲ್ಲ, ಆ ಶಕ್ತಿ ಅವಳಿಗೆ ಕೊಡಬೇಡ. ತಿದ್ದುವುದು ಕೂಟಶಾಸನ ಬರೆದವರ ಕೆಲಸ. ಇದ್ದದ್ದನ್ನು ಇದ್ದ ಹಾಗೆ ಕರೆತರುವವಳಾಗಲಿ ಅವಳು. ರಾಜನನ್ನು ಬಿಟ್ಟು, ಊರ ದನ ಬಿಡಿಸಲು ಹೋಗಿ ಸತ್ತ ಒಬ್ಬ ತುರುಗೋಳಿನ ವೀರನ ಕಲ್ಲಿನ ಮುಂದೆ ಅವಳನ್ನು ಕೂರಿಸು. ಆ ಅಧ್ಯಾಯವನ್ನು ಮತ್ತೆ ಬರೆ ಪುಟ್ಟೀ, ನನಗಾಗಿ. ಡಿಸೆಂಬರಿನಲ್ಲಿ ರಜೆ ಹಾಕಿ ಬಾ, ಐಹೊಳೆಗೆ ಇಬ್ಬರೂ ಹೋಗೋಣ. ಅಮ್ಮನಿಗೆ ನಾನೇ ಹೇಳುತ್ತೇನೆ.

ನಿನ್ನ,
ದೊಡ್ಡಮ್ಮ