ಕಟ್ಟಿಸಿದವರು, ಕಟ್ಟಿದವರು

ಸಂತೇಬೆನ್ನೂರಿನ ಕಡೆಯವರು ಅಂದರೆ ಸಾಕು, ತಿಳಿದವರು ‘ಓ, ಪುಷ್ಕರಣಿ ಊರಿನವರಾ?’ ಅನ್ನುತ್ತಾರೆ. ನಾವು ಅದನ್ನು ಪುಷ್ಕರಣಿ ಅನ್ನುವುದಿಲ್ಲ. ಹೊಂಡ ಅನ್ನುತ್ತೇವೆ. ನಮ್ಮ ಕೇರಿ ಇರುವುದು ಪಕ್ಕದ ಹಳ್ಳಿಯಲ್ಲಿ. ಸಂತೆಗೆ, ಹೈಸ್ಕೂಲಿಗೆ, ಬಸ್ಸಿಗೆ ಎಲ್ಲಕ್ಕೂ ಸಂತೇಬೆನ್ನೂರೇ. ಬಸ್ಸು ತಪ್ಪಿದಾಗೆಲ್ಲ ಹೊಂಡದ ಹತ್ತಿರ ಹೋಗಿ ಕೂತಿದ್ದೇವೆ. ಸುತ್ತ ಮೆಟ್ಟಿಲು, ನಡು ನೀರಿನಲ್ಲಿ ಮಂಟಪ, ಪಕ್ಕದಲ್ಲಿ ಮುಸಾಫಿರಖಾನೆ. ಹೊಂಡವನ್ನು ಪಾಳೇಗಾರ ಹನುಮಪ್ಪ ನಾಯಕ ಕಟ್ಟಿಸಿದ, ಮುಸಾಫಿರಖಾನೆಯನ್ನು ಬಿಜಾಪುರದ ಸರದಾರ ರಣದುಲ್ಲಾಖಾನ ಕಟ್ಟಿಸಿದ ಅಂತ ಮೇಷ್ಟ್ರು ಹೇಳಿಕೊಟ್ಟರು. ಪರೀಕ್ಷೆಯಲ್ಲಿ ಹಾಗೇ ಬರೆದೆವು. ಮಾರ್ಕ್ಸೂ ಬಂತು.

ಅಷ್ಟೇ ಆಗಿದ್ದರೆ ಚಿಂತೆಯಿರಲಿಲ್ಲ. ಕಾಲೇಜಿನ ಮ್ಯಾಗಝಿನ್ನಿಗೆ ಹೊಂಡದ ಮೇಲೆ ಒಂದು ಪದ್ಯವನ್ನೂ ಬರೆದೆವು. ಅದರಲ್ಲಿ ಬೆಳದಿಂಗಳು ಇತ್ತು, ಮಂಟಪ ಇತ್ತು, ಕಾಲು ಇಳಿಬಿಟ್ಟು ಕೂತ ರಾಣಿ ಇದ್ದಳು. ಕಲ್ಲು ಹೊತ್ತವನು ಒಬ್ಬನೂ ಇರಲಿಲ್ಲ. ಕೇರಿಯಿಂದ ಮೊದಲು ಡಿಗ್ರಿ ಓದಲು ಹೋದ ನಾವು ಮೊದಲು ಕಲಿತದ್ದು ನಮ್ಮವರನ್ನು ಬಿಟ್ಟು ಬರೆಯುವುದನ್ನು. ಇದು ನಮಗೆ ಹೊಳೆದದ್ದು ಹಂಪಿಯಲ್ಲಿ, ಒಂದು ಭಾನುವಾರ, ಒಬ್ಬ ಗೈಡಿನ ಹಿಂದೆ ಬಿಸಿಲಲ್ಲಿ ತಿರುಗುವಾಗ.

ಕೇರಿಯ ಹುಡುಗರು, ಭೋವಿ ಕಾಲೋನಿಯ ಹುಡುಗರು ಸೇರಿ ಹದಿಮೂರು ಜನ. ತಲೆಗಿಷ್ಟು ಅಂತ ದುಡ್ಡು ಹಾಕಿ ಒಂದು ಟಿ.ಟಿ. ಗೊತ್ತು ಮಾಡಿದೆವು. ಒಂದೇ ದಿನದ ಟೂರು. ಹೊರಡುವ ಹೊತ್ತಿಗೆ ಒಬ್ಬ ಕೈಕೊಟ್ಟ. ಆ ಸೀಟಿಗೆ ಬಂದು ಕೂತವನು ಕಾಲೋನಿಯ ತಾತ. ಹುಟ್ಟಿದಾಗಿನಿಂದ ಕಲ್ಲು ಒಡೆದವನು. ಎಡಗೈಯ ಎರಡು ಬೆರಳಿಗೆ ಉಗುರಿಲ್ಲ.

‘ಅಲ್ಲಿ ಬೆಟ್ಟ ಹತ್ತೋದು ಇಳಿಯೋದು ಭಾಳ ಐತೆ ತಾತ’ ಅಂದೆವು.

‘ಇರ್ಲಿ ಕಣ್ರಪ್ಪಾ. ಸಾಯೋದ್ರೊಳಗೆ ಒಂದ್ಸಲ ಹಂಪಿ ಕಲ್ಲು ನೋಡ್ಬೇಕು. ದೇವ್ರು ಎಲ್ಲಾ ಕಡೆ ಅದಾನೆ. ಅಂಥಾ ಕಲ್ಲು ಎಲ್ಲಾ ಕಡೆ ಇಲ್ಲ.’

ಕತ್ತಲಲ್ಲಿ ಹೊಂಡದ ಮುಂದಿಂದ ಹೊರಟು ದಾವಣಗೆರೆ, ಹರಪನಹಳ್ಳಿ, ಹಗರಿಬೊಮ್ಮನಹಳ್ಳಿ ದಾಟಿ ಹೊಸಪೇಟೆ ಮುಟ್ಟುವಷ್ಟರಲ್ಲಿ ಬಿಸಿಲು ಏರಿತ್ತು. ಕಮಲಾಪುರದಲ್ಲಿ ಗೈಡು ಸಿಕ್ಕರು. ನಡುವಯಸ್ಸಿನವರು, ಕೊರಳಲ್ಲಿ ಗುರುತಿನ ಕಾರ್ಡು, ಒಳ್ಳೆ ಕಂಠ. 1336ರಲ್ಲಿ ಹಕ್ಕಬುಕ್ಕರು, 1509ರಿಂದ 1529ರ ತನಕ ಕೃಷ್ಣದೇವರಾಯ, 1565ರಲ್ಲಿ ಯುದ್ಧ, ಆರು ತಿಂಗಳ ಲೂಟಿ. ನೀರು ಕುಡಿದಷ್ಟು ಸಲೀಸಾಗಿ ಹೇಳಿದರು. ಹಜಾರ ರಾಮನ ಗುಡಿ ಕಟ್ಟಿಸಿದ್ದು, ಕಮಲ ಮಹಲು ಕಟ್ಟಿಸಿದ್ದು, ಆನೆಲಾಯ ಕಟ್ಟಿಸಿದ್ದು. ನಮ್ಮಲ್ಲೊಬ್ಬ ‘ಕಟ್ಟಿಸಿದ’ ಅನ್ನುವ ಮಾತನ್ನು ಎಣಿಸತೊಡಗಿದ. ಮಧ್ಯಾಹ್ನದೊಳಗೆ ಇಪ್ಪತ್ತೆಂಟು ಆಯಿತು.

ಕನ್ನಡ ವ್ಯಾಕರಣದಲ್ಲಿ ‘ಇಸು’ ಅಂತ ಒಂದು ಪ್ರತ್ಯಯ ಇದೆ. ಮಾಡು, ಮಾಡಿಸು. ಹೊರು, ಹೊರಿಸು. ಕಟ್ಟು, ಕಟ್ಟಿಸು. ತಾನು ಮಾಡದೆ ಇನ್ನೊಬ್ಬರ ಕೈಲಿ ಮಾಡಿಸುವುದಕ್ಕೆ ಈ ಪ್ರತ್ಯಯ. ಇತಿಹಾಸದ ಪುಸ್ತಕವೆಲ್ಲ ಈ ‘ಇಸು’ವಿನ ಮೇಲೆ ನಿಂತಿದೆ. ಕಟ್ಟಿಸಿದವನ ಹೆಸರು, ಅವನ ಅಪ್ಪನ ಹೆಸರು, ಅವನ ಬಿರುದು ಎಲ್ಲ ಇವೆ. ಯಾರ ಕೈಲಿ ಕಟ್ಟಿಸಿದ ಅನ್ನುವಲ್ಲಿ ವಾಕ್ಯ ಮುಗಿದುಹೋಗುತ್ತದೆ.

ಆನೆಲಾಯದ ಮುಂದೆ ನಿಂತಾಗ ಒಬ್ಬ ಕೇಳಿಯೇ ಬಿಟ್ಟ: ‘ಸಾರ್, ಆನೆಗೆ ಇಷ್ಟು ಚೆಂದದ ಮನೆ. ಮಾವುತನ ಮನೆ ಎಲ್ಲಿ?’

ಗೈಡು ನಕ್ಕರು. ‘ಅವೆಲ್ಲ ಮಣ್ಣಿನ ಮನೆಗಳು, ಉಳಿಯೋದಿಲ್ಲಪ್ಪ’ ಅಂದರು. ಸುಳ್ಳಲ್ಲ. ನಮ್ಮ ಮನೆಗಳೂ ಉಳಿಯುವುದಿಲ್ಲ.

ಮಹಾನವಮಿ ದಿಬ್ಬದ ಸುತ್ತ ಕಲ್ಲಿನಲ್ಲಿ ಆನೆ, ಕುದುರೆ, ಬೇಟೆಗಾರರು, ಜಟ್ಟಿಗಳು, ಕುಣಿಯುವ ಹೆಂಗಸರು. ನಾವು ಕಲ್ಲು ಹೊರುವವನನ್ನು ಹುಡುಕಿದೆವು. ನಮ್ಮ ಕಣ್ಣಿಗೆ ಬೀಳಲಿಲ್ಲ. ತಾತ ಇದಾವುದನ್ನೂ ನೋಡುತ್ತಿರಲಿಲ್ಲ. ದಾರಿಯ ಬಂಡೆಗಳ ಹತ್ತಿರ ನಿಂತು ನಿಂತು ಬರುತ್ತಿದ್ದ. ಅಲ್ಲಿ ಎಷ್ಟೋ ಬಂಡೆಗಳಲ್ಲಿ ಸಾಲಾಗಿ ಗುಳಿಗಳಿವೆ. ಬೆಣೆ ಹೊಡೆದು ಸೀಳಲು ತೋಡಿದ ಗುಳಿಗಳು.

‘ನೋಡ್ರೋ, ಇಲ್ಲಿ ಗುಳಿ ಹೊಡೆದು ಬಿಟ್ಟು ಹೋಗ್ಯಾನೆ. ಕಲ್ಲಿನ ನರ ಸರಿಯಿಲ್ಲ ಅಂತ ಗೊತ್ತಾಗೈತೆ. ಅರ್ಧ ದಿನದ ಕೆಲ್ಸ ಹಾಳು. ಮೇಸ್ತ್ರಿ ಬೈದಿರ್ತಾನೆ.’

ಐದುನೂರು ವರ್ಷದ ಹಿಂದಿನ ಬೈಗುಳ ಅವನಿಗೆ ಕೇಳಿಸಿತ್ತು. ಗೈಡಿಗೆ ಕೇಳಿಸಿರಲಿಲ್ಲ. ನಮಗೂ ಕೇಳಿಸಿರಲಿಲ್ಲ.

ದಿಬ್ಬದಿಂದ ಸ್ವಲ್ಪ ದೂರಕ್ಕೆ ಮೆಟ್ಟಿಲು ಕೊಳ. ಮಣ್ಣಿನಡಿ ಹೂತುಹೋಗಿದ್ದದ್ದನ್ನು 1980ರ ದಶಕದಲ್ಲಿ ಅಗೆದು ತೆಗೆದರು. ಕಪ್ಪು ಕಲ್ಲಿನ ಮೆಟ್ಟಿಲು ಮೇಲಿಂದ ಕೆಳಗೆ ಕಿರಿದಾಗುತ್ತ ಹೋಗುತ್ತವೆ. ನಮ್ಮ ಹೊಂಡ ನೆನಪಾಯಿತು. ಗೈಡು ಬೆರಳು ತೋರಿಸಿ ‘ಆ ಕಲ್ಲುಗಳ ಮೇಲೆ ಕನ್ನಡ ಅಕ್ಷರ ಇದಾವೆ ನೋಡಿ’ ಅಂದರು. ಮೊಬೈಲಿನಲ್ಲಿ ಹಿಗ್ಗಿಸಿ ನೋಡಿದೆವು. ಹೌದು, ಇದ್ದವು. ಕಲ್ಲುಗಳನ್ನು ಬೇರೆ ಕಡೆ ಅಳತೆಗೆ ಕಡಿದು ತಂದು ಇಲ್ಲಿ ಜೋಡಿಸಿದ್ದಂತೆ. ಯಾವ ದಿಕ್ಕು, ಯಾವ ಸಾಲು, ಯಾವ ಜಾಗ ಎಂದು ಗುರುತಿಗೆ ಕೊರೆದ ಅಕ್ಷರ, ಅಂಕಿಗಳು.

ನಾವು ಅಲ್ಲೇ ನಿಂತುಬಿಟ್ಟೆವು. ನಮ್ಮ ಮನೆಗಳಲ್ಲಿ ಅಕ್ಷರ ಕೂಡಿಸಿ ಓದಿದ ಮೊದಲಿಗರು ನಾವು. ಅಪ್ಪನದು ಹೆಬ್ಬೆಟ್ಟು, ಅಜ್ಜನದು ಹೆಬ್ಬೆಟ್ಟು. ಅಕ್ಷರ ನಮ್ಮವರಿಗಲ್ಲ ಅಂತಲೇ ಕೇಳಿಕೊಂಡು ಬೆಳೆದವರು. ಇಲ್ಲಿ ನೋಡಿದರೆ ಉಳಿ ಹಿಡಿದ ಕೈ ಕನ್ನಡ ಅಕ್ಷರ ಕೊರೆದಿದೆ. ಕೊರೆದವನಿಗೆ ಅದನ್ನು ಓದಲು ಬರುತ್ತಿತ್ತೋ, ಮೇಲಿನವನು ಸುಣ್ಣದಲ್ಲಿ ಬರೆದುಕೊಟ್ಟ ಗೆರೆಯ ಮೇಲೆ ಉಳಿ ಓಡಿಸಿದನೋ? ನಮ್ಮಲ್ಲೇ ಜಗಳ ಹತ್ತಿತು. ತಾತನನ್ನು ಕೇಳಿದೆವು.

‘ನಂಗೆ ಓದೋಕೆ ಬರಲ್ಲ. ಆದ್ರೆ ಲೈನುಗಲ್ಲಿನ ಮೇಲೆ ನಂಬರು ಎಷ್ಟು ಸಲ ಹೊಡೆದೀನಿ! ಹೊಡೀತಾ ಹೊಡೀತಾ ಗೊತ್ತಾಗ್ತೈತೆ. ಬರಲ್ಲ ಅಂತ ಹೇಳಿಸಿಕೊಂಡೋನಿಗೂ ಅಷ್ಟಿಷ್ಟು ಬರ್ತಿರ್ತೈತೆ.’

ಆದರೆ ಒಂದು ಮಾತು. ಆ ಅಕ್ಷರಗಳು ಕಲ್ಲು ಎಲ್ಲಿ ಕೂರಬೇಕು ಅನ್ನುವುದನ್ನು ಹೇಳುತ್ತವೆ. ಕಡಿದವನು ಎಲ್ಲಿ ಮಲಗಿದ, ಏನು ಉಂಡ ಅನ್ನುವುದನ್ನು ಹೇಳುವುದಿಲ್ಲ. ಕಲ್ಲಿಗೆ ವಿಳಾಸ ಇದೆ. ಕಡಿದವನಿಗೆ ಇಲ್ಲ.

ನೀರಿನ ವಿಷಯ ಬಂದರೆ ನಮ್ಮ ಹೊಟ್ಟೆಯೊಳಗೆ ಬೇರೆಯೇ ಒಂದು ಕಿಚ್ಚು ಏಳುತ್ತದೆ. ನಮ್ಮ ಅಜ್ಜಿ ಊರ ಬಾವಿಯ ಕಟ್ಟೆ ಮುಟ್ಟುವಂತಿರಲಿಲ್ಲ. ಯಾರಾದರೂ ಸೇದಿ ಮೇಲಿಂದ ಹೊಯ್ಯುವ ತನಕ ಕೊಡ ಇಟ್ಟುಕೊಂಡು ದೂರ ನಿಲ್ಲಬೇಕಿತ್ತು. ಆ ಬಾವಿ ತೋಡಿದ್ದು ನಮ್ಮವರು. ಅದರ ಕಲ್ಲು ಹೊತ್ತದ್ದು ನಮ್ಮವರು. ನೀರು ಕಂಡ ದಿನ ಮೇಲೆ ಬಂದವರು ಮತ್ತೆ ಇಳಿಯಲಿಲ್ಲ. 1927ರ ಮಾರ್ಚ್ 20ರಂದು ಬಾಬಾಸಾಹೇಬರು ಮಹಾಡಿನ ಚವದಾರ ಕೆರೆಗೆ ಇಳಿದು ಒಂದು ಬೊಗಸೆ ನೀರು ಕುಡಿದರು. ಯಾವ ಅರಸನ ಯಾವ ವಿಜಯ ಅದಕ್ಕೆ ಸಮ?

ಪೋರ್ಚುಗೀಸಿನ ಡೊಮಿಂಗೋ ಪಾಯೆಸ್ 1520ರ ಸುಮಾರಿಗೆ ಈ ಪಟ್ಟಣಕ್ಕೆ ಬಂದಿದ್ದ. ಅವನು ಬರೆದಿಟ್ಟದ್ದನ್ನು 1900ರಲ್ಲಿ ರಾಬರ್ಟ್ ಸೀವೆಲ್ ಇಂಗ್ಲಿಷಿನಲ್ಲಿ ಅಚ್ಚು ಹಾಕಿಸಿದ. ಕೃಷ್ಣದೇವರಾಯ ಎರಡು ಬೆಟ್ಟಗಳ ನಡುವೆ ಒಂದು ದೊಡ್ಡ ಕೆರೆ ಕಟ್ಟಿಸುತ್ತಿದ್ದನಂತೆ. ಹದಿನೈದು ಇಪ್ಪತ್ತು ಸಾವಿರ ಜನ ಇರುವೆಗಳ ಹಾಗೆ ಕಂಡರಂತೆ. ಏರಿ ಎರಡು ಮೂರು ಸಲ ಒಡೆಯಿತು. ಬ್ರಾಹ್ಮಣರು ಬಲಿ ಬೇಕೆಂದರು. ಕುದುರೆ, ಕೋಣಗಳ ಜೊತೆಗೆ 60 ಮನುಷ್ಯರ ತಲೆ ಕಡಿಸಿದ ಅಂತ ಪಾಯೆಸ್ ಬರೆದಿದ್ದಾನೆ. ನಮ್ಮ ಜನಪದರು ಕೆರೆಗೆ ಹಾರವಾದ ಭಾಗೀರತಿಯ ಮೇಲೆ ಹಾಡು ಕಟ್ಟಿ ಇವತ್ತಿಗೂ ಅಳುತ್ತಾರೆ. ಈ 60 ಜನರ ಹೆಸರು ಯಾವ ಹಾಡಿನಲ್ಲಿದೆ? ಗೈಡನ್ನು ಇದನ್ನೂ ಕೇಳಿದೆವು. ಅವರು ಸುಮ್ಮನಾದರು. ಆಮೇಲೆ ‘ಇದನ್ನೆಲ್ಲ ಹೇಳಿದ್ರೆ ಟೂರಿಸ್ಟುಗಳು ಬೇಜಾರು ಮಾಡ್ಕೊತಾರೆ’ ಅಂದರು.

ಅವರ ಮೇಲೆ ನಮಗೆ ಸಿಟ್ಟು ಬಂದಿತ್ತು. ಅದು ಇಳಿದದ್ದು ಊಟದ ಹೊತ್ತಿಗೆ. ಮರದಡಿ ಬುತ್ತಿ ಬಿಚ್ಚಿ ರೊಟ್ಟಿ, ಶೇಂಗಾ ಚಟ್ನಿ ಹಂಚಿಕೊಂಡೆವು. ಗೈಡನ್ನೂ ಕರೆದೆವು. ಬಂದು ನಮ್ಮ ನಡುವೆಯೇ ಕೂತು ಉಂಡರು. ‘ನಿಮ್ಮ ಮನೆ ಎಲ್ಲಿ ಸಾರ್?’ ಅಂದರೆ ತಕ್ಷಣ ಹೇಳಲಿಲ್ಲ. ಅವರ ಮನೆ ವಿರೂಪಾಕ್ಷ ಗುಡಿಯ ಮುಂದಿನ ಬಜಾರಿನಲ್ಲಿ, ಹಳೇ ಕಲ್ಲುಮಂಟಪದ ಸಾಲಿನಲ್ಲೇ ಇತ್ತಂತೆ. ಹಂಪಿ 1986ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು. 2011ರ ಜುಲೈನಲ್ಲಿ ಜೆಸಿಬಿಗಳು ಬಂದು ಬಜಾರಿನ ಅಂಗಡಿ ಮನೆಗಳನ್ನು ಕೆಡವಿದವು.

‘ಪಾತ್ರೆ ಪಗಡಿ ಹೊರಗೆ ತಗೊಳ್ಳೋಕೂ ಹೊತ್ತು ಸಿಗಲಿಲ್ಲ. ಆ ಜಾಗದ ಮುಂದೇನೇ ನಿಂತು ದಿನಾ ಹೇಳ್ತೀನಿ, ಇಲ್ಲಿ ಮುತ್ತು ರತ್ನ ಮಾರ್ತಿದ್ರು ಅಂತ. ನಮ್ಮವ್ವ ಇಲ್ಲಿ ಇಡ್ಲಿ ಮಾರ್ತಿದ್ಲು ಅಂತ ಹೇಳೋಕಾಗುತ್ತಾ?’

ಯಾಕಾಗಬಾರದು ಅಂತ ನಾವು ಕೇಳಲಿಲ್ಲ. ಅವರ ಅನ್ನ ಆ ಕತೆಯಲ್ಲಿದೆ. ಪರಂಪರೆಯನ್ನು ಕಾಯಬೇಕು, ನಿಜ. ಕಲ್ಲು ಕಾಯಲು ಮನುಷ್ಯರನ್ನು ಎಬ್ಬಿಸುವುದೂ ಒಂದು ಪರಂಪರೆಯೇ. ಅದಕ್ಕೆ ಪಟ್ಟಿ ಬೇಕಿಲ್ಲ. ಅಲ್ಲಿಂದ ಹತ್ತಿರದಲ್ಲೇ, ಆನೆಗೊಂದಿಗೆಂದು ತುಂಗಭದ್ರೆಗೆ ಕಟ್ಟುತ್ತಿದ್ದ ಸೇತುವೆ 2009ರ ಜನವರಿಯಲ್ಲಿ ಕುಸಿದು ಕೂಲಿಯವರು ಸತ್ತರು. ಆ ಸೇತುವೆ ನೋಟಕ್ಕೆ ಅಡ್ಡ ಎಂದು ದೇಶ ವಿದೇಶಗಳಲ್ಲಿ ಚರ್ಚೆಯಾಗಿತ್ತು. ಸತ್ತವರ ಬಗ್ಗೆ ಅಷ್ಟು ಚರ್ಚೆ ಕೇಳಲಿಲ್ಲ.

ಮಧ್ಯಾಹ್ನ ವಿಠಲನ ಗುಡಿ. ಕಲ್ಲಿನ ರಥ. ಐವತ್ತು ರೂಪಾಯಿಯ ಹೊಸ ನೋಟಿನ ಮೇಲೆ ಇರುವುದು ಇದೇ. ತಾತ ಜೇಬಿನಿಂದ ನೋಟು ತೆಗೆದು ಹೋಲಿಸಿ ನೋಡಿ, ಮತ್ತೆ ಮಡಿಸಿಟ್ಟುಕೊಂಡ. ಹೊಳೆದಂಡೆಯಲ್ಲಿ ತುಲಾಭಾರದ ಕಲ್ಲುಕಂಬ. ಅರಸರು ಚಿನ್ನಕ್ಕೆ ತೂಗಿಸಿಕೊಂಡು ಬ್ರಾಹ್ಮಣರಿಗೆ ದಾನ ಮಾಡುತ್ತಿದ್ದರು ಅಂತ ಗೈಡು. ‘ಅರಸನ ಬದ್ಲು ಈ ಕಂಬ ನಿಲ್ಲಿಸಿದೋನ ತೂಗಿದ್ರೆ ಚಿನ್ನ ಭಾಳ ಉಳೀತಿತ್ತು. ಅವನ ಮೈಯಾಗೆ ಏನಿರ್ತೈತೆ’ ಅಂತ ತಾತ.

ಸಂಜೆ ವಿರೂಪಾಕ್ಷನ ಬೀದಿಯ ತುದಿಯಿಂದ ಗೈಡು ಒಂದು ಬೆಟ್ಟ ತೋರಿಸಿದರು. ಮತಂಗ ಪರ್ವತ. ವಾಲಿಗೆ ಹೆದರಿ ಸುಗ್ರೀವ ಅಡಗಿದ್ದು ಅಲ್ಲೇ ಅನ್ನುತ್ತಾರೆ. ಮತಂಗ ಮುನಿಯ ಶಾಪವಿತ್ತು, ವಾಲಿ ಅಲ್ಲಿಗೆ ಕಾಲಿಡುವಂತಿರಲಿಲ್ಲ. ನಾವು ಒಬ್ಬರ ಮುಖ ಒಬ್ಬರು ನೋಡಿದೆವು. ಮಾತಂಗ ಅನ್ನುವುದು ನಮ್ಮ ಕೇರಿಯ ಜನರಿಗೆ ಇಟ್ಟ ಹಳೇ ಹೆಸರು. ಮಾತಂಗಿ ನಮ್ಮ ತಾಯಿ. ಇಷ್ಟು ದೊಡ್ಡ ರಾಜಧಾನಿಯ ನಡುವೆ ಒಂದು ಬೆಟ್ಟಕ್ಕೆ ಅವನ ಹೆಸರು, ಮತ್ತೆ ಆ ಬೆಟ್ಟಕ್ಕೆ ಅರಸನಿಗೇ ಪ್ರವೇಶವಿಲ್ಲ! ಪುರಾಣ ಸುಳ್ಳೋ ನಿಜವೋ, ಆ ಹೊತ್ತು ನಮಗೆ ಅದು ಹಿತವಾಗಿತ್ತು. ಹತ್ತಲು ಹೊತ್ತಿರಲಿಲ್ಲ. ಕೆಳಗೆ ನಿಂತೇ ಕೈ ಮುಗಿಯದೆ ನೋಡಿದೆವು.

ವಾಪಸು ಬರುವಾಗ ಗಾಡಿಯ ಕತ್ತಲಲ್ಲಿ ಮಾತು ಪೆರು ದೇಶಕ್ಕೆ ಹೋಯಿತು. ವಿಜಯನಗರ ಬೆಳೆಯುತ್ತಿದ್ದ ಹದಿನೈದನೇ ಶತಮಾನದಲ್ಲೇ ಅಲ್ಲಿನ ಇಂಕಾ ಅರಸರು ಬೆಟ್ಟದ ನೆತ್ತಿಯ ಮೇಲೆ ಮಾಚು ಪಿಚು ಕಟ್ಟಿಸಿದರು. ಗಾರೆ ಇಲ್ಲ, ಕಬ್ಬಿಣದ ಉಳಿ ಇಲ್ಲ, ಕಲ್ಲಿಗೆ ಕಲ್ಲು ಕೂತಿದೆ. ಮನೆಮನೆಯವರೂ ಸರದಿಯ ಮೇಲೆ ಬಂದು ಅರಸನ ಕೆಲಸ ಮಾಡಬೇಕು. ಅದಕ್ಕೆ ಮಿಟಾ ಅಂತ ಹೆಸರು. 1532ರಲ್ಲಿ ಸ್ಪೇನಿನವರು ಬಂದು ಅರಸನನ್ನು ಸೆರೆಹಿಡಿದರು, ಮರುವರ್ಷ ಕೊಂದರು. ಮಿಟಾವನ್ನು ಮಾತ್ರ ಕೊಲ್ಲಲಿಲ್ಲ. ಅದೇ ಸರದಿಯಲ್ಲಿ ಜನರನ್ನು ಪೊಟೊಸಿಯ ಬೆಳ್ಳಿ ಗಣಿಗೆ ಇಳಿಸಿದರು. ಅರಸ ಬದಲಾದ, ಬಿಟ್ಟಿ ಬದಲಾಗಲಿಲ್ಲ. 1911ರಲ್ಲಿ ಮಾಚು ಪಿಚುವನ್ನು ‘ಕಂಡುಹಿಡಿದ’ ಅನ್ನಿಸಿಕೊಂಡ ಅಮೆರಿಕದ ಹೈರಾಮ್ ಬಿಂಗಮ್‌ಗೆ ಅದನ್ನು ತೋರಿಸಿದ್ದು ಅಲ್ಲೇ ಬೇಸಾಯ ಮಾಡಿಕೊಂಡಿದ್ದವರ ಮನೆಯ ಹುಡುಗ. 1943ರಲ್ಲಿ ಅಲ್ಲಿಗೆ ಹೋದ ಚಿಲಿಯ ಕವಿ ನೆರೂಡ ಆಮೇಲೆ ಬರೆದ ದೀರ್ಘ ಕವಿತೆಯಲ್ಲಿ ಅರಸರನ್ನು ಬಿಟ್ಟು ಕಲ್ಲು ಹೊತ್ತವರನ್ನು ಕರೆದು ಮಾತಾಡಿಸಿದ. ಅವನು ಅಷ್ಟು ದೂರ ಹೋಗಿ ಕಂಡದ್ದನ್ನು ನಾವು ಹೊಂಡದ ಕಟ್ಟೆಯ ಮೇಲೇ ಕೂತು ಕಾಣಲಿಲ್ಲ.

ಸಂತೇಬೆನ್ನೂರು ಮುಟ್ಟಿದಾಗ ರಾತ್ರಿ. ಹೊಂಡದ ಗೇಟಿಗೆ ಬೀಗ. ತಾತ ಇಳಿಯುತ್ತ ‘ಬರೋ ಭಾನುವಾರ ಬೆಳಿಗ್ಗೆ ಬರ್ರಿ. ಇದನ್ನ ನಾ ತೋರಿಸ್ತೀನಿ’ ಅಂದ.

ಹೋದೆವು. ತಾತ ಹನುಮಪ್ಪ ನಾಯಕನ ಹೆಸರೆತ್ತಲಿಲ್ಲ. ಮೆಟ್ಟಿಲ ಮೇಲೆ ಕುಕ್ಕರುಗಾಲಲ್ಲಿ ಕೂತು ಒಂದು ಕಲ್ಲನ್ನು ಅಂಗೈಯಿಂದ ಸವರಿದ. ಉಳಿಯ ಗೆರೆಗಳು ಎತ್ತ ಓಡಿವೆ ನೋಡಿ ಅಂದ. ಅಕ್ಕಪಕ್ಕದ ಕಲ್ಲುಗಳಲ್ಲಿ ಒಂದು ಕಡೆಗೆ ವಾಲಿದ್ದ ಗೆರೆಗಳು ಈ ಕಲ್ಲಿನಲ್ಲಿ ಇನ್ನೊಂದು ಕಡೆಗೆ ವಾಲಿದ್ದವು.

‘ಇವ್ನು ಎಡಚ’ ಅಂದ ತಾತ. ‘ಎಡಗೈಯಾಗೆ ಸುತ್ತಿಗೆ ಹಿಡಿದಾನೆ.’

ನಾವು ಒಬ್ಬೊಬ್ಬರಾಗಿ ಆ ಗೆರೆಗಳ ಮೇಲೆ ಬೆರಳಿಟ್ಟು ನೋಡಿದೆವು. ಎಷ್ಟು ವರ್ಷ ಇಲ್ಲಿ ಕೂತಿದ್ದೆವು! ರಾಣಿಯ ಪದ್ಯ ಬರೆದಿದ್ದ ಮ್ಯಾಗಝಿನ್ನು ಮನೆಯಲ್ಲಿ ಇನ್ನೂ ಇದೆ. ಹರಿದು ಹಾಕಿಲ್ಲ. ಆ ಎಡಚನ ಮೇಲೆ ಬರೆಯಲು ಕೂತಿದ್ದೇವೆ, ಇನ್ನೂ ಆಗಿಲ್ಲ. ಅವನ ಹೆಸರಿಲ್ಲದೆ ಮೊದಲ ಸಾಲು ಏಳುತ್ತಿಲ್ಲ.

ಬರುವ ಭಾನುವಾರ ಕೇರಿಯ, ಕಾಲೋನಿಯ ಮಕ್ಕಳನ್ನು ಕರೆದುಕೊಂಡು ಹೋಗುತ್ತೇವೆ. ತಾತನೇ ಗೈಡು.