ಢಿಂಡೋ ಕಲಿಸಿದ ಪಾಠ

ಕಾಠ್ಮಂಡುವಿನಲ್ಲಿ ದೇವಾಲಯಗಳನ್ನೆಲ್ಲ ನೋಡಿಯಾದ ಮೇಲೆ, ಯಾತ್ರಿಕರಿಗೆ ಅಡುಗೆ ಕಲಿಸುವ ಮನೆಯೊಂದನ್ನು ಹೊಕ್ಕೆನು. ಅಂದಿನ ಪಾಠ ‘ಢಿಂಡೋ’. ಗೃಹಿಣಿಯು ‘ಕೋದೋ’ ಎಂದು ತೋರಿಸಿದ ಹಿಟ್ಟು ನಮ್ಮ ರಾಗಿಯೇ! ಕುದಿಯುವ ನೀರಿಗೆ ಅದನ್ನು ಸ್ವಲ್ಪಸ್ವಲ್ಪವಾಗಿ ಉದುರಿಸುತ್ತ, ಗಂಟುಕಟ್ಟದಂತೆ ತೊಳಸಬೇಕು. ಎರಡು ನಿಮಿಷಗಳಲ್ಲಿ ನನ್ನ ತೋಳು ಸೋತಿತು.

“ನಿಲ್ಲಿಸಬೇಡಿ ಅಣ್ಣ, ತಳ ಹಿಡಿಯುತ್ತದೆ” ಎಂದು ಆಕೆ ಹಿಂದಿಯಲ್ಲಿ ಹೇಳಿ ನಕ್ಕಳು.

ಹುಳಿಬರಿಸಿ ಒಣಗಿಸಿದ ಸೊಪ್ಪಾದ ಗುಂದ್ರುಕಿನ ಸಾರಿನಲ್ಲಿ ಅದ್ದಿ, ಅಗಿಯದೆ ನುಂಗುವುದನ್ನೂ ಕಲಿಸಿದಳು. ಆ ಪಾಠವೊಂದು ನನಗೆ ಬೇಕಿರಲಿಲ್ಲ. 40 ವರ್ಷ ತಾಯಿಯ ಕೈಯ ಮುದ್ದೆಯನ್ನು ನುಂಗಿದವನು ನಾನು. ಅವಳು ಒಲೆಯ ಮುಂದೆ ಬೆವರುತ್ತ ತೊಳಸುತ್ತಿದ್ದಾಗ ಒಮ್ಮೆಯಾದರೂ, “ಇತ್ತ ಕೊಡಮ್ಮ” ಎಂದವನಲ್ಲ.

ತಾಯಿ ಈಗಿಲ್ಲ. ಊರಿಗೆ ಮರಳಿದ ಮೇಲೆ ಮುದ್ದೆಯ ಕೋಲನ್ನು ನಾನೇ ಹಿಡಿಯುತ್ತೇನೆ; ಗಂಟುಗಳನ್ನು ಮನೆಯವರು ಸಹಿಸುತ್ತಾರೆ.